ನಿಲ್ಲುವ ಕೆಲಸದವರ ಸಂಘ

ಅವಳನ್ನು ಸ್ಟುಡಿಯೋದಲ್ಲಿ ಎಲ್ಲರೂ ಕರೆಯುತ್ತಿದ್ದದ್ದು ಕಂಬಕ್ಕ ಎಂದು. ಹೆಸರಿಟ್ಟವರು ಲೈಟಿನವರು. ‘ಕಂಬಕ್ಕೂ ಈಯಮ್ಮನಿಗೂ ಒಂದೇ ವ್ಯತ್ಯಾಸ, ಕಂಬ ಮಧ್ಯಾಹ್ನ ಊಟಕ್ಕೆ ಹೋಗಲ್ಲ’ ಎಂದು ಅವರಲ್ಲೊಬ್ಬ ನಕ್ಕಿದ್ದೇ ನೆಪವಾಗಿ ಹೆಸರು ಅಂಟಿಕೊಂಡಿತು. ಬೇಜಾರಾಗಲಿಲ್ಲವಾ ಎಂದು ನಾನೊಮ್ಮೆ ಕೇಳಿದ್ದೆ. ‘ಬೇಜಾರೇನು ಬಂತು. ಅದಕ್ಕೆ ಮುಂಚೆ “ಏಯ್” ಅಂತಿದ್ರು’ ಎಂದಿದ್ದಳು.

ನಾನು ಅದೇ ಸ್ಟುಡಿಯೋದ ಬಟ್ಟೆ ವಿಭಾಗದಲ್ಲಿ ದರ್ಜಿ. ಮೂರನೇ ನಂಬರಿನ ಫ್ಲೋರ್, ಅಂದರೆ ಶೂಟಿಂಗ್ ನಡೆಯುವ ದೊಡ್ಡ ತಗಡಿನ ಷೆಡ್ಡು, ಅದರ ಪಕ್ಕದ ಬಾಗಿಲಿಗೆ ತಾಗಿಕೊಂಡಂತೆ ನನ್ನ ಹೊಲಿಗೆ ಯಂತ್ರ. ನಾಯಕಿಯ ತೋಳು ಸಡಿಲವಾದರೆ, ಖಳನಾಯಕನ ಗುಂಡಿ ಹಾರಿದರೆ ಓಡಿ ಹೋಗಲು ಅನುಕೂಲವಾಗಲಿ ಎಂದು ಅಲ್ಲಿ ಕೂರಿಸಿದ್ದರು. ಹಾಗಾಗಿ ಕಂಬಕ್ಕನ ಹನ್ನೆರಡು ವರ್ಷಗಳನ್ನು ನಾನು ಸೂಜಿಗೆ ದಾರ ಪೋಣಿಸುತ್ತಲೇ ನೋಡಿದೆ.

ಅವಳ ಕೆಲಸ ನಿಲ್ಲುವುದು. ಹೊರಗಿನವರಿಗೆ ಹೀಗೆಂದರೆ ನಗುತ್ತಾರೆ, ಆದ್ದರಿಂದ ಬಿಡಿಸಿ ಹೇಳುತ್ತೇನೆ. ಒಂದು ದೃಶ್ಯಕ್ಕೆ ಲೈಟು ಕೂರಿಸಲು ಒಂದು ತಾಸು ಹಿಡಿಯುತ್ತದೆ, ಕೆಲವೊಮ್ಮೆ ಮೂರು. ಬೆಳಕು ಕೆನ್ನೆಯ ಮೇಲೆ ಎಲ್ಲಿ ಬೀಳುತ್ತದೆ, ಮೂಗಿನ ನೆರಳು ತುಟಿಗೆ ತಾಗುತ್ತದೋ ಇಲ್ಲವೋ ಎಂದು ಕ್ಯಾಮೆರಾದವರು ನೋಡಬೇಕು. ನೋಡಲು ಅಲ್ಲೊಂದು ಮುಖ ಬೇಕು. ನಾಯಕಿಯನ್ನೇ ಅಷ್ಟು ಹೊತ್ತು ನಿಲ್ಲಿಸಿದರೆ ಬಣ್ಣ ಕರಗುತ್ತದೆ, ಸಿಟ್ಟು ಏರುತ್ತದೆ. ಅದಕ್ಕೆ ಅವಳಷ್ಟೇ ಎತ್ತರದ, ಅವಳದೇ ಮೈಬಣ್ಣದ ಇನ್ನೊಬ್ಬರನ್ನು ಆ ಜಾಗದಲ್ಲಿ ನಿಲ್ಲಿಸುತ್ತಾರೆ. ಎಲ್ಲ ಸಿದ್ಧವಾದ ಮೇಲೆ ನಾಯಕಿ ತಣ್ಣನೆಯ ಕೋಣೆಯಿಂದ ಬರುತ್ತಾಳೆ, ಈಕೆ ಪಕ್ಕಕ್ಕೆ ಸರಿಯುತ್ತಾಳೆ. ಪರದೆಯ ಮೇಲೆ ಈಕೆಯ ಉಗುರೂ ಕಾಣುವುದಿಲ್ಲ.

ಈ ಕೆಲಸಕ್ಕೆ ಅವಳು ಅರ್ಜಿ ಹಾಕಿ ಬಂದವಳಲ್ಲ. ಅವಳ ಗಂಡ ಅದೇ ಸ್ಟುಡಿಯೋದ ಬಡಗಿ. ಶೂಟಿಂಗಿಗೆ ಬೇಕಾದ ಸುಳ್ಳು ಗೋಡೆ, ಸುಳ್ಳು ಬಾಗಿಲು, ಮೇಲಕ್ಕೆ ಹೋಗಿ ಎಲ್ಲಿಗೂ ತಲುಪದ ಮೆಟ್ಟಿಲು ಮಾಡುವವನು. ಒಂದು ದಿನ ಗಂಡ ಮರೆತುಬಂದ ಊಟದ ಡಬ್ಬಿ ಹಿಡಿದುಕೊಂಡು ಬಂದಿದ್ದಳು. ನಾಯಕಿಯ ಜಾಗದಲ್ಲಿ ನಿಲ್ಲುತ್ತಿದ್ದ ಹುಡುಗಿ ಅವತ್ತು ಕೈಕೊಟ್ಟಿದ್ದಳು. ಕ್ಯಾಮೆರಾದ ಹಿರಿಯರು ಇವಳನ್ನು ನೋಡಿ, ‘ಅಮ್ಮಾ, ಒಂದು ಐದು ನಿಮಿಷ ಇಲ್ಲಿ ನಿಂತ್ಕೊಳ್ತೀರಾ?’ ಎಂದರು. ಡಬ್ಬಿ ಕೈಯಲ್ಲಿ ಹಿಡಿದೇ ನಿಂತಳು. ಆ ಐದು ನಿಮಿಷ ಎಷ್ಟು ವರ್ಷ ಎಳೆಯಿತು ಎಂದು ಆಗಲೇ ಹೇಳಿದೆನಲ್ಲ.

ಮನೆಯಲ್ಲಿ ಇದನ್ನು ನಂಬದವರು ಒಬ್ಬರಿದ್ದರು, ಅವಳ ಅತ್ತೆ. ಟಯರ್ ಅಂಗಡಿಯ ಹಿಂದಿನ ಎರಡು ಕೋಣೆಯ ಮನೆ. ಮುಂದಿನ ಕೋಣೆಯಲ್ಲಿ ಅತ್ತೆಯ ಮಂಚ, ಮಂಚದ ಎದುರಿಗೆ ಟೀವಿ. ಸೊಸೆ ಕೆಲಸ ಮಾಡುವ ಧಾರಾವಾಹಿಯನ್ನು ಅವರು ಒಂದು ದಿನ ಬಿಡದೆ ನೋಡುತ್ತಿದ್ದರು.

‘ಆರು ವರ್ಷದಿಂದ ಅಲ್ಲಿಗೇ ಹೋಗ್ತೀನಿ ಅಂತೀಯ. ನಾನೂ ಕಣ್ಣು ಕಿತ್ಕೊಂಡು ನೋಡ್ತೀನಿ. ಎಲ್ಲಿರ್ತೀಯೆ ತಾಯಿ ನೀನು?’

‘ಅವರು ಬರೋಕೆ ಮುಂಚೆ ಇರ್ತೀನಿ ಅತ್ತೆ.’

‘ಮುಂಚೆ ಇದ್ದು ಏನು ಮಾಡ್ತೀಯ?’

‘ನಿಂತಿರ್ತೀನಿ.’

‘ಸುಮ್ನೆ ನಿಲ್ಲೋಕೆ ಎರಡು ಬಸ್ಸು ಹತ್ತಿ ಹೋಗ್ಬೇಕಾ? ಇಲ್ಲೇ ಒಲೆ ಮುಂದೆ ನಿಂತ್ಕೋಬಾರದಾ?’

ಇದನ್ನೆಲ್ಲ ಅವಳು ನನ್ನ ಮೇಜಿನ ಪಕ್ಕದ ಬಟ್ಟೆಗಂಟಿನ ಮೇಲೆ ಕುಳಿತು, ಕಾಲು ಒತ್ತಿಕೊಳ್ಳುತ್ತ ಹೇಳುತ್ತಿದ್ದಳು. ಫ್ಲೋರಿನ ಒಳಗೆ ಅವಳಂಥವರಿಗೆ ಕುರ್ಚಿ ಇರಲಿಲ್ಲ. ಕುರ್ಚಿಗಳೆಲ್ಲ ಯಾರದಾದರೂ ಒಬ್ಬರದ್ದಾಗಿರುತ್ತಿದ್ದವು. ಮೀನಖಂಡದ ಹಿಂದೆ ನರಗಳು ಊದಿ, ಹಸಿರು ದಾರದ ಉಂಡೆ ಬಿಚ್ಚಿ ಬಿಟ್ಟ ಹಾಗೆ ಕಾಣುತ್ತಿದ್ದವು. ನಾನು ಹಳೆಯ ಅಸ್ತರ್ ಬಟ್ಟೆಯಿಂದ ಅವಳಿಗೆ ಎರಡು ಪಟ್ಟಿ ಹೊಲಿದುಕೊಟ್ಟೆ. ಅದನ್ನು ಬಿಗಿಯಾಗಿ ಸುತ್ತಿಕೊಂಡು ಮತ್ತೆ ಹೋಗಿ ನಿಲ್ಲುತ್ತಿದ್ದಳು.

ಅವಳು ಯಾರ ಜೊತೆಗೂ ಕಾಲು ಕೆರೆದುಕೊಂಡು ಜಗಳಕ್ಕೆ ಹೋದವಳಲ್ಲ. ಸಂಘ, ಹೋರಾಟ ಎಂಬ ಮಾತು ಅವಳ ಬಾಯಲ್ಲಿ ನಾನು ಕೇಳಿರಲೇ ಇಲ್ಲ. ಅದು ಶುರುವಾದದ್ದು ತಾತ ಬಿದ್ದ ದಿನ.

ತಾತ ಅಂದರೆ ಧಾರಾವಾಹಿಯ ಅಜ್ಜನ ಪಾತ್ರದವರ ಬದಲು ನಿಲ್ಲುತ್ತಿದ್ದ ಮುದುಕ. ಪಾತ್ರಧಾರಿಗಿಂತ ಇವರೇ ನಾಲ್ಕು ವರ್ಷ ದೊಡ್ಡವರು. ಅವತ್ತು ಮೆಟ್ಟಿಲಿನ ದೃಶ್ಯ. ಏಳನೆಯ ಮೆಟ್ಟಿಲ ಮೇಲೆ, ಕೈ ಹಿಡಿಕೆಯಿಲ್ಲದ ಕಡೆ, ಎರಡು ದೊಡ್ಡ ಲೈಟುಗಳ ನಡುವೆ ಅವರನ್ನು ನಿಲ್ಲಿಸಿ ಒಂದೂಮುಕ್ಕಾಲು ತಾಸಾಗಿತ್ತು. ಎಡಗಡೆಯ ಲೈಟು ಇನ್ನೊಂದು ಗೇಣು ಮೇಲಕ್ಕೆ ಎಂದು ಯಾರೋ ಕೂಗುತ್ತಿದ್ದರು. ತಾತ ಕೈಯನ್ನು ಗಾಳಿಯಲ್ಲಿ ಏನನ್ನೋ ಹುಡುಕುವ ಹಾಗೆ ಚಾಚಿದರು, ಬಿದ್ದರು. ಸೊಂಟದ ಮೂಳೆ ಮುರಿಯಿತು.

ಆಸ್ಪತ್ರೆಗೆ ಜೊತೆಯಲ್ಲಿ ಹೋಗಲು ಬಿಡುವಿದ್ದವಳು ಕಂಬಕ್ಕ ಒಬ್ಬಳೇ, ನಾಯಕಿ ಆ ಮೆಟ್ಟಿಲಿನ ದೃಶ್ಯದಲ್ಲಿರಲಿಲ್ಲ. ಅಲ್ಲಿ ದಾಖಲೆ ಬರೆಯುವ ಕಿಟಕಿಯಲ್ಲಿ, ಸ್ಟುಡಿಯೋದ ಮ್ಯಾನೇಜರ್ ಕಳಿಸಿದ್ದ ಕಾಗದವನ್ನು ಅವಳ ಕೈಗೆ ಕೊಟ್ಟು ಸಹಿ ಮಾಡಿ ಎಂದರು. ಅದರಲ್ಲಿ ಹೀಗಿತ್ತು: ಶೂಟಿಂಗ್ ವೀಕ್ಷಿಸಲು ಬಂದಿದ್ದ ಸಂದರ್ಶಕರೊಬ್ಬರು ಆಕಸ್ಮಿಕವಾಗಿ ಜಾರಿ ಬಿದ್ದಿರುತ್ತಾರೆ.

ಅವಳು ಸಹಿ ಮಾಡಲಿಲ್ಲ. ಮರುದಿನ ಬಂದವಳು ಕೂರದೆ, ನನ್ನ ಮೇಜಿನ ಅಂಚು ಹಿಡಿದುಕೊಂಡು ಕೇಳಿದಳು, ‘ಸಂದರ್ಶಕ ಅಂದ್ರೆ ಏನು?’

‘ನೋಡೋಕೆ ಬಂದು ಹೋಗೋರು.’

‘ಆರು ವರ್ಷ ದಿನಾ ನೋಡೋಕೆ ಬರ್ತಿದ್ರಾ ತಾತ?’

ನಾನು ಕತ್ತರಿ ಎತ್ತಿಕೊಂಡೆ, ಕತ್ತರಿಸಲು ಏನೂ ಇರಲಿಲ್ಲ.

ಮ್ಯಾನೇಜರ್ ಕೆಟ್ಟ ಮನುಷ್ಯ ಎಂದು ಹೇಳಲಾರೆ. ಅವಳು ಹೋಗಿ ಕೇಳಿದ್ದಕ್ಕೆ ಅವನು ಕುರ್ಚಿ ತೋರಿಸಿ, ಕೂರಿಸಿಯೇ ಮಾತಾಡಿದನಂತೆ. ‘ನೋಡಿಮ್ಮಾ, ಸಂಘದ ಕಾರ್ಡ್ ಇರೋರನ್ನ ಕೆಲಸಗಾರ ಅಂತ ಬರೀತೀವಿ. ಕಾರ್ಡ್ ಇಲ್ದೋರನ್ನ ಏನಂತ ಬರೀಲಿ? ನೀವೇ ಒಂದು ಪದ ಹೇಳಿ.’ ಅವಳಿಗೆ ಪದ ಹೊಳೆಯಲಿಲ್ಲ. ಆ ಹೊಳೆಯದಿದ್ದದ್ದೇ ಅವಳನ್ನು ಕೊರೆಯಿತು.

ಹಾಗಾದರೆ ಕಾರ್ಡು ಮಾಡಿಸೋಣ ಎಂದು ಹೊರಟಳು. ವಾರಕ್ಕೊಂದು ರಜೆ, ಆ ರಜೆಯಲ್ಲಿ ಒಂದೊಂದು ಕಚೇರಿ. ಮೊದಲು ಕಲಾವಿದರ ಸಂಘ. ಅಲ್ಲಿ ಗೋಡೆ ತುಂಬ ಹಾರ ಹಾಕಿದ ಫೋಟೋಗಳು, ಮೇಜಿನ ಹಿಂದೆ ಒಬ್ಬ ಕನ್ನಡಕದವರು.

‘ಅಭಿನಯ ಮಾಡ್ತೀರಾ?’

‘ಇಲ್ಲ.’

‘ಮಾತು?’

‘ಇಲ್ಲ.’

‘ಗುಂಪಿನಲ್ಲಾದ್ರೂ ಕಾಣ್ತೀರಾ?’

‘ಕಂಡ್ರೆ ಬೈತಾರೆ ಸಾರ್.’

ಕನ್ನಡಕದವರು ಪೆನ್ನಿನ ಮುಚ್ಚಳ ಹಾಕಿದರು.

ಆಮೇಲೆ ಲೈಟಿನವರ ಸಂಘ. ಹೆಸರಿಟ್ಟವರು, ಪರಿಚಯದವರು, ಟೀ ತರಿಸಿಕೊಟ್ಟರು. ‘ಲೈಟು ಎತ್ತುತ್ತೀಯಾ ಕಂಬಕ್ಕ?’ ಎಂದರು. ‘ಎತ್ತಲ್ಲ, ನನ್ನ ಮೇಲೆ ಬೀಳುತ್ತೆ’ ಎಂದಳು. ‘ಮೇಲೆ ಬಿದ್ದೋರನ್ನೆಲ್ಲ ಸದಸ್ಯರು ಮಾಡಿದ್ರೆ ನಾಯಕ ನಾಯಕಿನೂ ನಮ್ಮವರೇ ಆಗ್ತಾರಲ್ಲ!’ ಎಂದು ಎಲ್ಲರೂ ನಕ್ಕರು, ಅವಳೂ ನಕ್ಕಳು. ನಕ್ಕು ಹೊರಗೆ ಬಂದು ಮೆಟ್ಟಿಲ ಮೇಲೆ ಸುಮಾರು ಹೊತ್ತು ಕುಳಿತಿದ್ದಳಂತೆ, ಬಸ್ಸು ಎರಡು ಹೋದರೂ ಏಳಲಿಲ್ಲವಂತೆ. ಗಂಡನ ಬಡಗಿಗಳ ಸಂಘಕ್ಕೆ ಹೋಗುವ ಪ್ರಶ್ನೆಯೇ ಇರಲಿಲ್ಲ. ಉಳಿ ಹಿಡಿಯದವಳನ್ನು ಅವರು ಹತ್ತಿರ ಸೇರಿಸುವವರಲ್ಲ ಎಂದು ಗಂಡನೇ ಹೇಳಿಬಿಟ್ಟಿದ್ದ.

ಕೊನೆಗೆ ಕಾರ್ಮಿಕ ಇಲಾಖೆ. ಅಲ್ಲಿನ ಅಧಿಕಾರಿಣಿ ಅವಳಷ್ಟೇ ಸುಸ್ತಾದ ಹೆಂಗಸು, ಮೇಜಿನ ಮೇಲೆ ಕಾಗದದ ಕಟ್ಟುಗಳ ನಡುವೆ ಮುಖ ಮಾತ್ರ ಕಾಣುತ್ತಿತ್ತು. ಕೇಳಿಸಿಕೊಂಡು, ‘ಯಾವ ಸಂಘವೂ ಸೇರಿಸ್ಕೊಳ್ಳದಿದ್ರೆ ನೀವೇ ಒಂದು ಮಾಡ್ಕೊಳ್ಳಿ. ಹದಿನೈದು ಜನ ಬೇಕು, ಕೆಲಸದ ಹೆಸರು ಬೇಕು’ ಎಂದಳು.

ಊರಿನಲ್ಲಿದ್ದ ನಾಲ್ಕು ಸ್ಟುಡಿಯೋ ಸೇರಿ ನಿಲ್ಲುವ ಕೆಲಸದವರು ಹನ್ನೊಂದು ಜನ. ಇಬ್ಬರು ಹೆದರಿ ಬರಲ್ಲ ಎಂದರು. ಉಳಿದದ್ದು ಒಂಬತ್ತು. ಇನ್ನಾರು ಜನರಿಗಾಗಿ ಅವಳು ಫ್ಲೋರುಗಳ ಮೂಲೆ ಮೂಲೆ ನೋಡತೊಡಗಿದಳು, ಯಾವ ಪಟ್ಟಿಯಲ್ಲೂ ಇಲ್ಲದವರನ್ನು ಹುಡುಕುತ್ತ. ಸುಳ್ಳು ಕಿಟಕಿಯ ಆಚೆ ಬಗ್ಗಿ ಕುಳಿತು, ಗಾಳಿ ಬೀಸಿದಂತೆ ಕಾಣಲಿ ಎಂದು ದಿನವಿಡೀ ಮರದ ಕೊಂಬೆ ಅಲ್ಲಾಡಿಸುವವನೊಬ್ಬನಿದ್ದ. ಅವನನ್ನು ಕೊಂಬೆಯಣ್ಣ ಎನ್ನುತ್ತಿದ್ದರು. ನಾಯಕಿ ಪತ್ರ ಬರೆಯುವಾಗ ಪರದೆಯ ಮೇಲೆ ಕಾಣುವ ಮುದ್ದಾದ ಅಕ್ಷರ ಇನ್ನೊಬ್ಬಳದು. ಅವಳ ಕೈ ಮಾತ್ರ ಬೇಕು, ಅವಳು ಬೇಡ. ಪ್ರತಿ ದೃಶ್ಯದ ನಡುವೆ ನೆಲದ ಹೆಜ್ಜೆಗುರುತು ಒರೆಸುವವರು ಇಬ್ಬರು. ಫೋನಿನ ದೃಶ್ಯಗಳಲ್ಲಿ ಆ ಕಡೆಯವರ ಮಾತನ್ನು ಮರೆಯಲ್ಲಿ ನಿಂತು ಓದಿ ಹೇಳುವ ಒಬ್ಬ ನಿವೃತ್ತ ಮೇಷ್ಟ್ರು, ಅವರ ತಂಗಿ. ಹದಿನೈದಾಯಿತು.

ಮೊದಲ ಸಭೆ ನನ್ನ ಹೊಲಿಗೆ ಕೋಣೆಯಲ್ಲೇ, ಊಟದ ಬಿಡುವಿನಲ್ಲಿ. ಬಟ್ಟೆಗಂಟುಗಳ ಮೇಲೆ, ಪೆಟ್ಟಿಗೆಗಳ ಮೇಲೆ ಎಲ್ಲರೂ ಡಬ್ಬಿ ಬಿಚ್ಚಿಕೊಂಡು ಕುಳಿತರು. ಕೆಲಸದ ಹೆಸರೇನೆಂದು ಬರೆಯುವುದು? ಮೇಷ್ಟ್ರು ತಿದ್ದಿ ತಿದ್ದಿ ‘ಚಿತ್ರೀಕರಣ ಪೂರ್ವಸಿದ್ಧತಾ ಸಹಾಯಕರು’ ಎಂದು ಮಾಡಿದರು. ಕೊಂಬೆಯಣ್ಣನಿಗೆ ಅದನ್ನು ಒಂದೇ ಉಸಿರಿನಲ್ಲಿ ಹೇಳಲು ಆಗಲಿಲ್ಲ. ಕಾಗದದಲ್ಲಿ ಏನೇ ಇರಲಿ, ಬಾಯಿಮಾತಿಗೆ ನಿಲ್ಲುವವರ ಸಂಘ ಎಂದೇ ಆಯಿತು. ಕಾರ್ಯದರ್ಶಿ ಸ್ಥಾನಕ್ಕೆ ಯಾರು ನಿಲ್ಲುತ್ತೀರಿ ಎಂದಾಗ ಎಲ್ಲರೂ ಅವಳ ಕಡೆ ತಿರುಗಿದರು.

‘ಇದಕ್ಕೂ ನಾನೇ ನಿಲ್ಬೇಕಾ?’ ಎಂದಳು ಕಂಬಕ್ಕ.

ಆ ವರ್ಷ ನಮ್ಮ ಕೋಣೆಯಲ್ಲಿ ಅಷ್ಟು ಜೋರಾಗಿ ನಕ್ಕದ್ದು ಅದೊಂದೇ ಸಲ ಇರಬೇಕು.

ಸಂಘದಿಂದ ಸ್ಟುಡಿಯೋಗೆ ಒಂದು ಪತ್ರ ಹೋಯಿತು. ಕೇಳಿದ್ದು ಮೂರೇ: ನಮಗೆ ಕೆಲಸದ ಹೆಸರಿನ ಕಾರ್ಡು ಕೊಡಿ; ಒಂದೇ ಸಮನೆ ಮುಕ್ಕಾಲು ತಾಸಿಗಿಂತ ಹೆಚ್ಚು ನಿಲ್ಲಿಸಬೇಡಿ, ನಡುವೆ ಕೂರಲು ಆಸನ ಕೊಡಿ; ತಾತನ ಕಾಗದದಲ್ಲಿ ಸಂದರ್ಶಕ ಎಂಬುದನ್ನು ಹೊಡೆದುಹಾಕಿ. ಉತ್ತರ ಬರಲಿಲ್ಲ. ಎರಡನೆಯ ಪತ್ರಕ್ಕೂ ಇಲ್ಲ. ಐದು ತಿಂಗಳು ಕಾದರು. ಈ ನಡುವೆ ಎರಡು ಸಲ ಕಂಬಕ್ಕ ಬಿಟ್ಟುಬಿಡೋಣ ಎಂದಳು, ಎರಡು ಸಲವೂ ಆ ವಾರ ತಾತನನ್ನು ನೋಡಿ ಬಂದು ಸುಮ್ಮನಾದಳು.

ಒಂದು ಬೆಳಿಗ್ಗೆ ನಮ್ಮ ಸ್ಟುಡಿಯೋದ ಏಳು ಜನ ಒಳಗೆ ಬರಲಿಲ್ಲ. ಗೇಟಿನ ಹೊರಗೆ, ಕಾಂಪೌಂಡಿನ ಗೋಡೆಗೆ ಬೆನ್ನು ಕೊಟ್ಟು ಕುಳಿತರು. ಘೋಷಣೆ ಇಲ್ಲ, ಬಾವುಟ ಇಲ್ಲ. ಮೇಷ್ಟ್ರು ಒಂದು ರಟ್ಟಿನ ಮೇಲೆ ಆ ಉದ್ದ ಹೆಸರು ಬರೆದು ಪಕ್ಕದಲ್ಲಿ ಒರಗಿಸಿದ್ದರು. ದಾರಿಹೋಕರು ಅದನ್ನು ಓದಿ ಮುಗಿಸುವಷ್ಟರಲ್ಲಿ ಮುಂದೆ ಹೋಗಿಬಿಟ್ಟಿರುತ್ತಿದ್ದರು.

ಕಂಬಕ್ಕನ ಗಂಡ ದಿನಾ ಅವಳ ಜೊತೆಯಲ್ಲೇ ಬಸ್ಸಿಳಿದು, ಅವಳನ್ನು ಗೋಡೆಯ ಹತ್ತಿರ ಬಿಟ್ಟು, ಗೇಟು ದಾಟಿ ಒಳಗೆ ಬರುತ್ತಿದ್ದ. ಅವನ ಸಂಘ ಕೆಲಸ ನಿಲ್ಲಿಸಿರಲಿಲ್ಲ. ಮನೆಯಲ್ಲಿ ಇದರ ಮೇಲೆ ನಡೆದ ಮಾತನ್ನು ಅವಳೇ ನನಗೆ ಹೇಳಿದ್ದು.

‘ನಿಮ್ಮೋರು ಒಂದು ದಿನ ಸುತ್ತಿಗೆ ಕೆಳಗಿಟ್ಟಿದ್ರೆ ಸಾಕಾಗಿತ್ತು.’

‘ಕಮಿಟಿಯವರು ಕೂತು ಮಾತಾಡಿದ್ರು ಕಣೇ. ಸಹಾನುಭೂತಿ ಇದೆ ಅಂದ್ರು.’

‘ಅದನ್ನ ಎಲ್ಲಿಟ್ಕೊಳ್ಳಲಿ?’

‘ನಾನೊಬ್ಬನೇ ಆಚೆ ಬಂದ್ರೆ ನನ್ನ ಕಾರ್ಡೂ ಹೋಗುತ್ತೆ.’

‘ಬರಬೇಡಿ. ಕಾರ್ಡ್ ಇಲ್ದೋರ ಪಾಡು ಏನು ಅಂತ ನನಗೆ ಗೊತ್ತಲ್ಲ.’

ಅವಳು ವ್ಯಂಗ್ಯವಾಗಿ ಹೇಳಿದ್ದಲ್ಲವಂತೆ. ಆದರೆ ಗಂಡನಿಗೆ ಅದು ಹಾಗೇ ಕೇಳಿಸಿತು. ನಾಲ್ಕನೆಯ ದಿನ ಅವನು ಮುರಿದ ಸುಳ್ಳು ಬಾಗಿಲಿನ ಹಲಗೆಗಳಿಂದ ಒಂದು ಉದ್ದನೆಯ ಬೆಂಚು ಮಾಡಿ, ಊಟದ ಬಿಡುವಿನಲ್ಲಿ ಹೆಗಲ ಮೇಲೆ ಹೊತ್ತು ತಂದು ಗೇಟಿನ ಹೊರಗಿಟ್ಟ. ಕಾವಲುಗಾರ ನೋಡಿಯೂ ನೋಡದವನಂತೆ ಬೇರೆ ಕಡೆ ತಿರುಗಿದ. ‘ಒಂದು ಕಾಲು ಗಿಡ್ಡ, ಅಲ್ಲಾಡ್ತಿತ್ತು’ ಎಂದಳು ಕಂಬಕ್ಕ. ‘ಅವರು ಹಾಗೆ ಯಾವತ್ತೂ ಮಾಡಿದವರಲ್ಲ.’

ಒಳಗೆ ಏನಾಗುತ್ತಿತ್ತು ಎಂದು ಈಗ ಹೇಳಬೇಕು. ಇಲ್ಲಿ ನನ್ನದೂ ಪಾಲಿದೆ.

ಮೊದಲ ದಿನ ನಾಯಕಿಯನ್ನೇ ನಿಲ್ಲಿಸಿದರು. ಅರ್ಧ ತಾಸಿನಲ್ಲಿ ಹಣೆಯ ಬಣ್ಣ ಹುಬ್ಬಿಗಿಳಿಯಿತು. ಅವಳು ಸಿಡುಕಿ ಹೊರಗೆ ಬಂದು, ಕಾರು ಹತ್ತುವ ಮುಂಚೆ ಗೋಡೆಯ ಬಳಿ ನಿಂತಳು. ಆರು ವರ್ಷದಲ್ಲಿ ಕಂಬಕ್ಕನ ಜೊತೆ ಅವಳು ಆಡಿದ್ದು ‘ಸ್ವಲ್ಪ ಸರೀರಿ’ ಎಂಬುದೊಂದೇ ಮಾತು.

‘ನನ್ನ ಜಾಗದಲ್ಲಿ ನಿಂತು ನಿಂತು ನಿನಗೆ ನೀನೇ ನಾಯಕಿ ಅನ್ನಿಸ್ಬಿಟ್ಟಿದೆ’ ಎಂದಳು.

‘ಇಲ್ಲಮ್ಮ’ ಎಂದಳು ಕಂಬಕ್ಕ. ‘ನಂಗೆ ಕಾಲು ನೋವಿದೆ, ಅಷ್ಟೇ.’

ಎರಡನೆಯ ದಿನ ಬೆಳಿಗ್ಗೆ ಮ್ಯಾನೇಜರ್ ನನ್ನ ಕೋಣೆಗೆ ಬಂದ. ನಾಯಕಿಯ ಬಟ್ಟೆ ಹೊಲಿಯಲು ನನ್ನ ಹತ್ತಿರ ಒಂದು ಗೊಂಬೆ ಇತ್ತು, ಅವಳದೇ ಎತ್ತರ, ಅವಳದೇ ಅಳತೆ, ಹತ್ತಿ ತುಂಬಿ ನಾನೇ ತಿದ್ದಿ ತೀಡಿದ್ದು. ‘ಅದನ್ನ ಸ್ವಲ್ಪ ಕೊಡಿ ಮಾಸ್ತರೇ’ ಎಂದ. ಯಾಕೆ ಎಂದು ನಾನು ಕೇಳಲಿಲ್ಲ. ಕೇಳಬೇಕಾದ ಅಗತ್ಯವೂ ಇರಲಿಲ್ಲ. ನನಗೆ ದರ್ಜಿಗಳ ಸಂಘದ ಕಾರ್ಡಿತ್ತು, ಕಣ್ಣು ಮಂಜಾಗುತ್ತಿತ್ತು, ಇನ್ನೊಂದು ಕಡೆ ಕೆಲಸ ಸಿಗುವ ವಯಸ್ಸು ದಾಟಿತ್ತು. ಗೊಂಬೆಯ ಸೊಂಟಕ್ಕೆ ಚುಚ್ಚಿದ್ದ ಸೂಜಿಗಳನ್ನು ಒಂದೊಂದಾಗಿ ತೆಗೆದು ಕೊಟ್ಟುಬಿಟ್ಟೆ.

ಗೊಂಬೆಗೆ ಒಂದು ಶಾಲು ಹೊದಿಸಿ, ತಲೆಯ ಜಾಗದಲ್ಲಿ ಬಣ್ಣ ಹಚ್ಚಿದ ಚೆಂಡು ಸಿಕ್ಕಿಸಿ ನಿಲ್ಲಿಸಿದರು. ನಡೆಯುವ ದೃಶ್ಯಕ್ಕೆ ಅದರ ಬುಡಕ್ಕೆ ಚಕ್ರ ಕಟ್ಟಿ, ಹಗ್ಗ ಹಿಡಿದು ಎಳೆದರು. ಬಾಗಿಲಿನಿಂದ ಮಂಚದ ತನಕ ಬರಬೇಕಾದ್ದು ನೇರ ಹೋಗಿ ಬೀರುವಿಗೆ ಡಿಕ್ಕಿ ಹೊಡೆಯಿತು. ಲೈಟಿನವರು ಬಿದ್ದು ಬಿದ್ದು ನಕ್ಕರು. ಕ್ಯಾಮೆರಾದ ಹಿರಿಯರು ಮಾತ್ರ ನಗಲಿಲ್ಲ. ‘ಇದಕ್ಕೆ ಮೂಗಿಲ್ಲ. ನೆರಳು ಎಲ್ಲಿ ಬೀಳುತ್ತೆ ಅಂತ ಏನನ್ನ ನೋಡಿ ಹೇಳಲಿ?’ ಎಂದು ಲೈಟನ್ನು ಹತ್ತು ಸಲ ಹಿಂದೆ ಮುಂದೆ ಮಾಡಿಸಿದರು. ದಿನಕ್ಕೆ ಆರು ದೃಶ್ಯ ಆಗುತ್ತಿದ್ದದ್ದು ಎರಡಕ್ಕಿಳಿಯಿತು. ಆದರೂ ಆ ಎರಡು ಆಗುತ್ತಲೇ ಇದ್ದವು. ಕೆಲಸ ಪೂರ್ತಿ ನಿಲ್ಲಲಿಲ್ಲ.

ಹೊರಗೆ ಗೋಡೆಯ ಬಳಿ ಜನ ಕರಗತೊಡಗಿದರು. ಐದನೆಯ ದಿನ ನೆಲ ಒರೆಸುವ ಇಬ್ಬರೂ ಒಳಗೆ ಬಂದರು, ತಲೆ ತಗ್ಗಿಸಿಕೊಂಡು. ಆರನೆಯ ದಿನ ಕೊಂಬೆಯಣ್ಣ ಬಂದ. ಅವನು ಗೇಟು ದಾಟುವಾಗ ಕಂಬಕ್ಕ ಕರೆದು, ಅವನು ಮರೆತು ಬೆಂಚಿನ ಮೇಲೆ ಬಿಟ್ಟಿದ್ದ ನೀರಿನ ಬಾಟಲಿ ಕೊಟ್ಟಳಂತೆ. ಇದನ್ನು ನನಗೆ ಹೇಳುವಾಗ ಅವನು ಅತ್ತ. ಬೈದಿದ್ದರೆ ಚೆನ್ನಾಗಿತ್ತು ಎಂದ.

ಏಳು ಜನ ನಾಲ್ಕಾದರು. ಒಂಬತ್ತನೆಯ ದಿನ ಮುಗಿಯಿತು, ಮುಗಿದದ್ದು ಅವರು ಗಟ್ಟಿಯಾಗಿ ಕುಳಿತರು ಎಂದಲ್ಲ. ಮುಂಚೆಯೇ ಚಿತ್ರೀಕರಿಸಿ ಇಟ್ಟುಕೊಂಡಿದ್ದ ಕಂತುಗಳು ಖಾಲಿಯಾಗುತ್ತ ಬಂದವು. ಇನ್ನು ಮೂರು ದಿನ ಕಳೆದರೆ ಚಾನೆಲ್ಲಿನವರು ಹಳೆಯ ಕಂತನ್ನೇ ಮತ್ತೆ ಹಾಕಬೇಕಾಗುತ್ತಿತ್ತು. ಅದೇ ಬೆಳಿಗ್ಗೆ ನಾಯಕಿಯೂ, ಗೊಂಬೆಗೆ ಹೊಂದಿಸಿದ ಬೆಳಕಿನಲ್ಲಿ ತನ್ನ ಮುಖ ಊದಿದಂತೆ ಕಾಣುತ್ತದೆ, ಅವಳನ್ನೇ ಕರೆಸಿ, ಇಲ್ಲವಾದರೆ ನಾನು ಬರುವುದಿಲ್ಲ ಎಂದು ಕೋಣೆಯ ಬಾಗಿಲು ಹಾಕಿಕೊಂಡಳು. ‘ಅವರು ನಮಗೋಸ್ಕರ ಹೇಳಿದ್ದಲ್ಲ’ ಎಂದು ಕಂಬಕ್ಕ ಆಮೇಲೆ ಹೇಳಿದಳು, ‘ಆದ್ರೂ ಕೆಲಸಕ್ಕೆ ಬಂತು.’

ಮ್ಯಾನೇಜರ್ ಅರ್ಧ ಹಾಳೆಯ ಒಪ್ಪಂದ ಟೈಪು ಮಾಡಿಸಿದ. ಕಾರ್ಡು ಕೊಡಲು ಒಪ್ಪಿದರು. ಮುಕ್ಕಾಲು ತಾಸು ಎಂಬುದು ಎಳೆದಾಡಿ ಒಂದು ತಾಸಾಯಿತು. ಆಸನ ಎಂದಿದ್ದದ್ದು ‘ಸಾಧ್ಯವಾದಲ್ಲಿ ಆಸನ’ ಎಂದಾಯಿತು. ತಾತನ ಕಾಗದದಲ್ಲಿ ಸಂದರ್ಶಕ ಎಂಬ ಪದದ ಮೇಲೆ ಗೆರೆ ಎಳೆದು, ಪಕ್ಕದಲ್ಲಿ ಸಹಾಯಕ ಎಂದು ಬರೆದು ಮೊಹರು ಒತ್ತಿದರು. ಕಂಬಕ್ಕ ಅದನ್ನು ಅಲ್ಲೇ ನಿಂತು ಅಕ್ಷರ ಅಕ್ಷರ ಓದಿದಳು. ಆಮೇಲೆ ಒಳಗೆ ಬಂದು, ನಿಲ್ಲುವ ಜಾಗದ ಗುರುತಿಗೆ ನೆಲಕ್ಕೆ ಅಂಟಿಸಿದ್ದ ಹಳದಿ ಪಟ್ಟಿಯ ಮೇಲೆ ಕಾಲಿಟ್ಟು, ಲೈಟಿಗೆ ಮುಖ ಕೊಟ್ಟಳು. ಯಾರೂ ಚಪ್ಪಾಳೆ ತಟ್ಟಲಿಲ್ಲ, ನಾಲ್ಕು ದೃಶ್ಯ ಬಾಕಿಯಿತ್ತು.

ಆ ವಾರದ ರಜೆಯ ದಿನ ನಾವಿಬ್ಬರೂ ತಾತನ ತಂಗಿಯ ಮನೆಗೆ ಹೋದೆವು. ಅವರು ಅಲ್ಲೇ ಇದ್ದರು, ಮತ್ತೆ ನಡೆಯುವ ಹಾಗಿರಲಿಲ್ಲ. ಕಂಬಕ್ಕ ಕಾಗದ ಬಿಚ್ಚಿ ತೋರಿಸಿದಳು. ತಾತ ಕನ್ನಡಕ ಹುಡುಕಿ, ಸಿಗದೆ, ‘ಓದಮ್ಮ’ ಎಂದರು. ಓದಿದಳು.

‘ಸರಿ’ ಎಂದರು. ‘ಈಗ ಅಜ್ಜನ ಜಾಗದಲ್ಲಿ ಯಾರು ನಿಲ್ತಾರೆ?’

‘ಹೊಸಬರು ಒಬ್ಬರು ಬಂದಿದ್ದಾರೆ.’

‘ಎತ್ತರ ಸರಿಯಾಗಿದೆಯಾ?’

‘ಒಂದಿಂಚು ಜಾಸ್ತಿ.’

‘ಮತ್ತೆ ಬಗ್ಗಿ ನಿಲ್ಬೇಕು ಅವನು. ಬೆನ್ನು ಹೋಗುತ್ತೆ. ಹೇಳು’ ಎಂದು ತಾತ ಗೋಡೆ ಕಡೆ ತಿರುಗಿ ಮಲಗಿದರು.

ದಾರಿಯಲ್ಲಿ ನಾನು ಗೊಂಬೆಯ ವಿಷಯ ಹೇಳಿಬಿಟ್ಟೆ. ಅಲ್ಲಿಯ ತನಕ ನುಂಗಿಕೊಂಡೇ ಇದ್ದೆ. ಅವಳು ನಡೆಯುವುದನ್ನು ನಿಲ್ಲಿಸಲಿಲ್ಲ.

‘ಗೊತ್ತಿತ್ತು. ಅಷ್ಟು ಅಚ್ಚುಕಟ್ಟಾದ ಗೊಂಬೆ ಇನ್ನ್ಯಾರ ಹತ್ರ ಇರುತ್ತೆ?’

‘ಮತ್ತೆ ಏನೂ ಅನ್ಲಿಲ್ಲ ನೀನು.’

‘ನಿಮ್ಮ ಕೋಣೆ ಬಿಟ್ರೆ ಸಭೆ ಮಾಡೋಕೆ ನಮಗೆ ಬೇರೆ ಜಾಗ ಇರ್ಲಿಲ್ವಲ್ಲ ಮಾಸ್ತರೇ’ ಎಂದಳು. ಕ್ಷಮಿಸಿದಳೋ ಲೆಕ್ಕ ಹಾಕಿದಳೋ ನನಗೆ ಇವತ್ತಿಗೂ ತಿಳಿಯದು. ಎರಡೂ ಇರಬಹುದು.

ಇದಾದ ಮೇಲೆ ಆರು ವರ್ಷ ಅವಳು ಕಾರ್ಯದರ್ಶಿಯಾಗಿದ್ದಳು. ಕಥೆ ಹೇಳುವವರು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸುತ್ತಾರೆ. ಆದರೆ ಅವಳನ್ನು ನಿಜವಾಗಿ ಸುಸ್ತು ಮಾಡಿದ್ದು ಆ ಒಂಬತ್ತು ದಿನಗಳಲ್ಲ, ಈ ಆರು ವರ್ಷಗಳು. ‘ಸಾಧ್ಯವಾದಲ್ಲಿ’ ಎಂಬ ಮಾತಿನ ಹಿಂದೆ ಬಿದ್ದು ಒಂದೊಂದು ಸ್ಟೂಲಿಗೆ ಒಂದೊಂದು ಪತ್ರ. ಎರಡನೇ ಫ್ಲೋರಿನ ಸ್ಟೂಲನ್ನು ಒಂದನೇ ಫ್ಲೋರಿನವರು ಎತ್ತಿಕೊಂಡು ಹೋದರು ಎಂದು ದೂರು. ಒಳಗೆ ಮೊದಲು ಹೋದವರು, ಕೊನೆಯವರೆಗೆ ಕುಳಿತವರು ಎಂದು ಎರಡು ಗುಂಪು. ಕೊಂಬೆಯಣ್ಣನ ಎದುರು ಕುಳಿತು ಊಟ ಮಾಡಲ್ಲ ಎಂದು ಮೇಷ್ಟ್ರ ತಂಗಿಯ ಹಟ. ವಾರದ ಏಕೈಕ ರಜೆ ಇಲಾಖೆಯ ಮೆಟ್ಟಿಲಿಗೆ. ದೂರದ ಊರಿನಲ್ಲಿದ್ದ ಅವಳ ಮಗಳು ತನ್ನ ಮೊದಲ ಮಗುವನ್ನು ಎತ್ತಿಕೊಂಡು ಬಂದ ವಾರ ಇವಳು ಎರಡು ದಿನ ಸಭೆಯಲ್ಲಿ ಕಳೆದಳು. ಮಗಳು ಹೊರಡುವಾಗ ‘ನೀನು ಊರವರಿಗೆಲ್ಲ ಅಕ್ಕ, ನನಗೆ ಮಾತ್ರ ಬಿಡುವಿಲ್ಲದ ಅಮ್ಮ’ ಎಂದು ಹೋದಳಂತೆ. ಅದನ್ನು ಹೇಳಿದ ದಿನ ಅವಳು ಚಹಾ ಕುಡಿಯದೆ ತಣ್ಣಗಾಗಲು ಬಿಟ್ಟಿದ್ದಳು. ‘ಲೈಟಿನ ಕೆಳಗೆ ನಾಲ್ಕು ತಾಸು ಬೇಕಾದ್ರೂ ನಿಲ್ತೀನಿ’ ಎಂದಳು, ‘ಒಂದು ತಾಸು ಸಭೇಲಿ ಕೂರೋಕೆ ಮೈ ಒಪ್ಪಲ್ಲ.’

ಅಷ್ಟರಲ್ಲಿ ಲೈಟುಗಳೂ ಬದಲಾದವು. ಹೊಸವು ಸುಡುವುದಿಲ್ಲ, ಬೇಗ ಕೂರುತ್ತವೆ. ಕೆಲವು ಕಡೆ ಕಂಪ್ಯೂಟರಿನಲ್ಲೇ ಅಳತೆ ನೋಡಿ ಮುಗಿಸುತ್ತಾರೆ, ಯಾರೂ ನಿಲ್ಲಬೇಕಾಗಿಲ್ಲ. ಹನ್ನೊಂದು ಜನ ನಿಲ್ಲುವವರು ಐದಾದರು. ಸಂಘ ಉಳಿದದ್ದು ಅವಳು ಹುಡುಕಿ ತಂದ ಉಳಿದವರಿಂದ: ಮಳೆಯ ಪೈಪು ಹಿಡಿಯುವವರು, ಪರದೆ ಎಳೆಯುವವರು, ಶೂಟಿಂಗಿನ ಬೀದಿಯಲ್ಲಿ ನಾಯಿ ಬೊಗಳದಂತೆ ನೋಡಿಕೊಳ್ಳುವ ಒಬ್ಬ ಹೆಂಗಸು. ಹದಿನೈದಿದ್ದದ್ದು ಮೂವತ್ತೊಂದಾಯಿತು. ‘ಅದರಲ್ಲಿ ಹತ್ತು ಜನ ಒಬ್ಬರಿಗೊಬ್ಬರು ಮಾತಾಡಲ್ಲ’ ಎನ್ನುತ್ತಿದ್ದಳು.

ಕಾಲಿನ ನರಗಳಿಗೆ ಆಪರೇಷನ್ ಆಗಲೇಬೇಕು ಎಂದು ಡಾಕ್ಟರು ಖಂಡಿತವಾಗಿ ಹೇಳಿದ ಮೇಲೆ, ಹೋದ ವರ್ಷ ಅವಳು ಕೆಲಸವನ್ನೂ ಕಾರ್ಯದರ್ಶಿ ಸ್ಥಾನವನ್ನೂ ಒಟ್ಟಿಗೆ ಬಿಟ್ಟಳು. ಪತ್ರ ಬರೆಯುವ ಕೈಯವಳು ಹೊಸ ಕಾರ್ಯದರ್ಶಿಯಾದಳು. ಒಂದು ಟ್ರಂಕಿನ ತುಂಬ ಕಾಗದ ಒಪ್ಪಿಸಿಕೊಡಲು ಅರ್ಧ ದಿನ ಹಿಡಿಯಿತು. ಯಾರ ಪತ್ರಕ್ಕೆ ಉತ್ತರ ಬಂದಿದೆ, ಯಾವ ಗುಮಾಸ್ತ ಊಟವಾದ ಮೇಲೆ ಮಾತ್ರ ಮಾತಾಡುತ್ತಾನೆ ಎಂಬುದನ್ನೆಲ್ಲ ಬಿಡಿಸಿ ಹೇಳಿದಳು. ಭಾಷಣ ಮಾಡಿ ಎಂದರೆ ಬೇಡ ಎಂದಳು. ಎಲ್ಲರೂ ಸೇರಿ ಫೋಟೋ ತೆಗೆಸಿಕೊಂಡರು. ಎಲ್ಲಿ ನಿಲ್ಲಬೇಕೆಂದು ಯಾರೂ ಹೇಳದ್ದರಿಂದ ಅವಳು ಸ್ವಲ್ಪ ಹೊತ್ತು ತಡವರಿಸಿ ಮೇಷ್ಟ್ರ ಹಿಂದೆ ಹೋಗಿಬಿಟ್ಟಳು, ಫೋಟೋದಲ್ಲಿ ಅರ್ಧ ಮುಖ ಬಂದಿದೆ.

ಮನೆಗೆ ಹೋಗಿ ಮಲಗಿದವಳು ಮರುದಿನ ಮಧ್ಯಾಹ್ನದ ತನಕ ಏಳಲಿಲ್ಲವಂತೆ. ಗಂಡ ಎರಡು ಸಲ ಬಂದು ನೋಡಿ, ಬಾಗಿಲು ಮುಂದೆ ಮಾಡಿ ಹೋದ. ತೊಂಬತ್ತರ ಹತ್ತಿರದ ಅತ್ತೆ ಟೀವಿಯ ಸದ್ದನ್ನು ತಾವಾಗಿಯೇ ಪೂರ್ತಿ ಇಳಿಸಿದರು. ಕೊನೆಗೆ ತಡೆಯಲಾರದೆ ಗೋಡೆ ಹಿಡಿದು ಒಳಗೆ ಬಂದು,

‘ಊಟಕ್ಕಾದ್ರೂ ಏಳೇ’ ಎಂದರು.

‘ಇನ್ನೊಂಚೂರು ಅತ್ತೆ’ ಎಂದು ಅವಳು ಮಗ್ಗುಲಾದಳು.